ತಂದು ನಿಲ್ಲಿಸುವುದು ಕೋರ್ಟಿನಲ್ಲಿ, ನಿಮ್ಮ ಜಗುಲಿಯಲ್ಲಲ್ಲ

(ಪತ್ರವನ್ನು ಅಲ್ಲಲ್ಲಿ ಮೊಟಕು ಮಾಡಿದ್ದೇನೆ. ಗುರುತು ಹತ್ತುವ ವಿವರಗಳನ್ನು ತೆಗೆದಿದ್ದೇನೆ.)

ಅಕ್ಕಾ, ನಮಸ್ಕಾರ. ನಾನು ತಾಳವಾಡಿ ಕಡೆ ಪಣಕಹಳ್ಳಿಯವಳು. ಏಳನೇ ಕ್ಲಾಸು ಓದಿದ್ದೀನಿ, ಕನ್ನಡದಲ್ಲಿ. ಬರೆಯೋ ಅಭ್ಯಾಸ ತಪ್ಪಿದೆ, ನಾನು ಹೇಳ್ತಾ ಇದ್ದೀನಿ, ಚಿಕ್ಕ ಮಗಳು ಬರೀತಾ ಇದ್ದಾಳೆ.

ದೊಡ್ಡವಳಿಗೆ ಇಪ್ಪತ್ತು ತುಂಬಿದೆ. ಚಾಮರಾಜನಗರದಲ್ಲಿ ಬಿ.ಕಾಂ. ಕಡೇ ವರ್ಷ. ಮೂರು ವಾರದ ಹಿಂದೆ ಕಾಲೇಜಿಗೆ ಅಂತ ಬಸ್ಸು ಹತ್ತಿದವಳು ಸಂಜೆ ಇಳೀಲಿಲ್ಲ. ಪಕ್ಕದೂರಿನ ಹುಡುಗ, ನಂಜನಗೂಡಲ್ಲಿ ಫ್ಯಾಕ್ಟರಿ ಕೆಲಸ. ನಮ್ಮೋರಲ್ಲ. ಯಾವುದೋ ದೇವಸ್ಥಾನದಲ್ಲಿ ತಾಳಿ ಕಟ್ಟಿಸ್ಕೊಂಡು ನಂಜನಗೂಡಲ್ಲೇ ಬಾಡಿಗೆ ಮನೇಲಿ ಅವ್ರೆ. ಎರಡು ಸಲ ಫೋನು ಮಾಡಿದ್ಲು. ಮೊದಲನೇ ಸಲ 'ಚೆನ್ನಾಗಿದ್ದೀನಿ ಅವ್ವ, ಹುಡುಕಬೇಡಿ' ಅಂದ್ಲು. ಎರಡನೇ ಸಲ ಮಾರ್ಕ್ಸ್ ಕಾರ್ಡು, ಆಧಾರ್ ಕಾರ್ಡು ಬೇಕು ಅಂದ್ಲು. ನಮ್ಮ ಯಜಮಾನರು ಅವನ್ನ ಬೀರುವಿಗೆ ಹಾಕಿ ಬೀಗ ಜಡಿದವ್ರೆ. ಆನೆ ಕಾಯೋ ನೆಪದಲ್ಲಿ ಹೊಲದ ಅಟ್ಟಣೆ ಮೇಲೇ ಮಲಗ್ತಾರೆ, ಮನೆಗೆ ಬರೋದಿಲ್ಲ. ನನ್ನ ಮೈದುನ ಹುಡುಗನ ಮನೆ ಹತ್ರ ಹೋಗಿ ಒಂದು ಕೈ ನೋಡ್ತೀನಿ ಅಂತ ಕುಡಿದಾಗೆಲ್ಲ ಹಾರಾಡ್ತಾನೆ.

ಸ್ಟೇಷನ್ನಲ್ಲಿ ದೂರು ಕೊಟ್ಟಿದ್ದೀವಿ, ರಸೀತಿ ಕೊಟ್ಟವ್ರೆ. ಈಗ ಲಾಯರ ಗುಮಾಸ್ತರೊಬ್ಬರು ಬಂದು 'ಮೆಡ್ರಾಸ್ ಹೈಕೋರ್ಟಲ್ಲಿ ಆಟ್ಕೊಣರ್ವು ಮನು ಹಾಕೋಣ, ಪೊಲೀಸರೇ ಹುಡುಗೀನ ತಂದು ನಿಲ್ಲಿಸ್ತಾರೆ, ಅರವತ್ತು ಸಾವಿರ ಆಗುತ್ತೆ' ಅಂತಾರೆ. ಹುಡುಗನಿಗೆ ಇನ್ನೂ ಇಪ್ಪತ್ತೊಂದಾಗಿಲ್ಲ, ಮದುವೆ ನಿಲ್ಲಲ್ಲ, ಈಗ ಹುಡುಗೀಗೂ ಇಪ್ಪತ್ತೊಂದು ಅಂತ ಕಾನೂನು ಬಂದಿದೆ ಅಂತಾನೂ ಅಂದರು. ತಮಿಳಲ್ಲಿ ಟೈಪ್ ಮಾಡಿದ ಕಾಗದ ಕೊಟ್ಟು ಹೋಗವ್ರೆ, ನಾನು ಸಹಿ ಹಾಕಬೇಕಂತೆ. ಕೋಸಿನ ದುಡ್ಡು ಬಂದಿದೆ. ಹಾಕಿದ್ರೆ ನನ್ನ ಮಗಳು ಬರ್ತಾಳಾ ಅಕ್ಕಾ? ಚಿಕ್ಕವಳೂ ಹಂಗೇ ಮಾಡಿಯಾಳು ಅಂತ ಅವಳನ್ನೂ ಮೂರು ವಾರದಿಂದ ಸ್ಕೂಲಿಗೆ ಕಳಿಸಿಲ್ಲ. ಪ್ಲಸ್ ಟು ಓದ್ತಾ ಅವಳೆ.

— ಹೆಸರು ಬೇಡ, ಪಣಕಹಳ್ಳಿ

ತಂಗೀ,

ಬರುವುದಿಲ್ಲ. ಸುತ್ತಿ ಬಳಸಿ ಹೇಳುವಷ್ಟರಲ್ಲಿ ಕೋಸಿನ ದುಡ್ಡು ಕೈಬಿಟ್ಟು ಹೋದೀತು ಎಂದು ಮೊದಲೇ ಹೇಳಿಬಿಡುತ್ತಿದ್ದೇನೆ. ಆ ಅರ್ಜಿ ಹಾಕಿದರೆ ನಿಮ್ಮ ಮಗಳು ಚೆನ್ನೈಗೆ ಬಂದಾಳು, ಪಣಕಹಳ್ಳಿಗೆ ಬರುವುದಿಲ್ಲ. ಅರವತ್ತು ಸಾವಿರಕ್ಕೆ ನಿಮಗೆ ಸಿಗುವುದು ಕೋರ್ಟಿನ ಮೊಗಸಾಲೆಯಲ್ಲಿ ದೂರದಿಂದ ಅವಳ ಮುಖ ನೋಡುವ ಹತ್ತು ನಿಮಿಷ. ಚಾಮರಾಜನಗರಕ್ಕೆ ಹೋಗಿ ನಂಜನಗೂಡಿನ ಬಸ್ಸು ಹತ್ತಿದರೆ ಅದಕ್ಕಿಂತ ಹತ್ತಿರದಿಂದ, ಅದಕ್ಕಿಂತ ಹೆಚ್ಚು ಹೊತ್ತು ನೋಡಬಹುದು.

ಗುಮಾಸ್ತರು ಹೇಳಿದ ಆ ತಮಿಳು ಮಾತೇ ಹಾದಿ ತಪ್ಪಿಸುವಂಥದ್ದು. 'ಆಟ್ಕೊಣರ್ವು' ಅಂದರೆ ಆಳನ್ನು ತರುವುದು. ಗಡಿಯಲ್ಲಿ ಎರಡೂ ಭಾಷೆ ಕೇಳಿ ಬೆಳೆದ ನಿಮ್ಮ ಕಿವಿಗೆ ಅದು ಥಟ್ಟನೆ ಅರ್ಥವಾಗಿರುತ್ತದೆ: ಓಹೋ, ಮಗಳನ್ನು ತಂದುಕೊಡುತ್ತಾರೆ. ತರುವುದು ನಿಜ, ಯಾರ ಮುಂದಕ್ಕೆ ಅನ್ನುವುದು ಆ ಮಾತಿನಲ್ಲಿಲ್ಲ. ಪತ್ರಿಕೆಗಳು ಹೇಬಿಯಸ್ ಕಾರ್ಪಸ್ ಎಂದು ಬರೆಯುವ ಇದಕ್ಕೆ ಕನ್ನಡದ ಕಾನೂನು ಪುಸ್ತಕಗಳಲ್ಲಿ 'ಬಂದಿ ಪ್ರತ್ಯಕ್ಷೀಕರಣ' ಎಂಬ ಹೆಸರಿದೆ. ಬಾಯಿಗೆ ಒಗ್ಗದ ಹೆಸರು, ಆದರೂ ಅದೇ ಹೆಚ್ಚು ಪ್ರಾಮಾಣಿಕ. ಯಾರೋ ಒಬ್ಬರು ಬಂದಿಯಾಗಿರಬೇಕು, ಅಕ್ರಮವಾಗಿ ಕೂಡಿಹಾಕಿರಬೇಕು, ಆಗ ಮಾತ್ರ ಈ ಬಾಗಿಲು. ಸಂವಿಧಾನದ 226ನೇ ವಿಧಿ ಹೈಕೋರ್ಟಿಗೆ, 32ನೇ ವಿಧಿ ಸುಪ್ರೀಂ ಕೋರ್ಟಿಗೆ ಈ ಅಧಿಕಾರ ಕೊಟ್ಟಿವೆ. ಹಿಡಿದಿಟ್ಟವರನ್ನು ಕರೆಸಿ 'ಯಾವ ಕಾನೂನಿನ ಮೇಲೆ ಇಟ್ಟುಕೊಂಡಿದ್ದೀರಿ, ಹೇಳಿ' ಎಂದು ಕೇಳುವ ಅಧಿಕಾರ.

ಹಿಡಿದಿಡುವುದೆಂದರೆ ಏನೆಂದು ತಾಳವಾಡಿ ಸೀಮೆಯವರಿಗೆ ನಾನು ವಿವರಿಸಬೇಕೇ? 2000ದ ಜುಲೈ 30ರ ರಾತ್ರಿ ನಿಮ್ಮ ಪಕ್ಕದ ಗಾಜನೂರಿನ ಮನೆಯಿಂದ ನಟ ರಾಜ್‌ಕುಮಾರ್ ಅವರನ್ನು ಕಾಡುಗಳ್ಳ ವೀರಪ್ಪನ್ ಕಾಡಿಗೆ ಒಯ್ದ. 108 ದಿನ. ಅವರು ಎಲ್ಲಿದ್ದಾರೆ, ಏನು ತಿನ್ನುತ್ತಿದ್ದಾರೆ, ಬದುಕಿದ್ದಾರೋ ಇಲ್ಲವೋ ಎಂದು ಎರಡು ರಾಜ್ಯ ಉಸಿರು ಬಿಗಿಹಿಡಿದು ಕೂತಿತ್ತು. ಅದು ಬಂಧನ. 'ಚೆನ್ನಾಗಿದ್ದೀನಿ ಅವ್ವ' ಎಂದು ತಾನಾಗಿ ಫೋನು ಮಾಡಿ, ಮುಂದಿನ ವಾರ ಮಾರ್ಕ್ಸ್ ಕಾರ್ಡು ಕೇಳುವ ಹುಡುಗಿ ಬಂಧನದಲ್ಲಿಲ್ಲ. ಅವಳು ಮನೆ ಬಿಟ್ಟು ಹೋಗಿದ್ದಾಳೆ. ಎರಡಕ್ಕೂ ನಿಮ್ಮ ಎದೆ ಒಂದೇ ತರಹ ಉರಿಯುತ್ತದೆ, ಒಪ್ಪುತ್ತೇನೆ. ಕೋರ್ಟಿಗೆ ಅವೆರಡೂ ಬೇರೆ ಬೇರೆ.

ಈ ಅರ್ಜಿಯನ್ನು ಹಗುರಾಗಿ ಕಾಣಬೇಡಿ. ಎಮರ್ಜೆನ್ಸಿಯ ಕಾಲದಲ್ಲಿ, 1976ರ ಮಾರ್ಚ್ 1ರಂದು, ಕೋಝಿಕ್ಕೋಡಿನ ಎಂಜಿನಿಯರಿಂಗ್ ಕಾಲೇಜಿನ ಹಾಸ್ಟೆಲಿನಿಂದ ರಾಜನ್ ಎಂಬ ಹುಡುಗನನ್ನು ಪೊಲೀಸರು ಎಳೆದೊಯ್ದರು. ಅವನ ಅಪ್ಪ ಈಚರ ವಾರಿಯರ್ ಒಂದು ವರ್ಷ ಕಂಡಕಂಡ ಬಾಗಿಲು ತಟ್ಟಿ, 1977ರಲ್ಲಿ ಕೇರಳ ಹೈಕೋರ್ಟಿನಲ್ಲಿ ಹಾಕಿದ್ದು ಇದೇ ಅರ್ಜಿ. ಮಗ ಸಿಗಲಿಲ್ಲ, ಹೆಣವೂ ಸಿಗಲಿಲ್ಲ. ಆದರೆ ಪೊಲೀಸರು ಏನು ಮಾಡಿದರೆಂಬುದು ಹೊರಬಿದ್ದು, ಕೇರಳದ ಮುಖ್ಯಮಂತ್ರಿ ಕುರ್ಚಿ ಬಿಡಬೇಕಾಯಿತು. ಅಂಥ ಅಪ್ಪಂದಿರಿಗೆಂದು ಇಟ್ಟ ಬಾಗಿಲು ಇದು. ಊರಿನವರ ಬಾಯಿ ಮುಚ್ಚಿಸಲು ಅದನ್ನು ತಟ್ಟುವವರನ್ನು ಕಂಡಾಗ ನನಗೆ ಕೊಂಚ ಸಿಟ್ಟೇ ಬರುತ್ತದೆ. ನಿಮ್ಮ ಮೇಲಲ್ಲ, ಅದನ್ನು ಮಾರಿಕೊಂಡು ತಿರುಗುವವರ ಮೇಲೆ.

ಒಳಗೆ ಏನು ನಡೆಯುತ್ತದೆಂದು ಹೇಳುತ್ತೇನೆ, ಕೇಳಿ. ಕಾನೂನು ನೆರವಿನ ಕೆಲಸದಲ್ಲಿದ್ದಾಗ ಬೆಂಗಳೂರಿನ ಹೈಕೋರ್ಟಿನಲ್ಲಿ ಇಂಥ ಒಬ್ಬ ತಾಯಿಯ ಪಕ್ಕ ಬೆಂಚಿನ ಮೇಲೆ ಕೂತಿದ್ದೆ. ಆಕೆ ತೊಡೆಯ ಮೇಲೆ ವೈರಿನ ಬುಟ್ಟಿ ಇಟ್ಟುಕೊಂಡಿದ್ದರು. ಅದರೊಳಗೆ ಮಗಳ ಒಂದು ಚೂಡಿದಾರ, ಬಾಚಣಿಗೆ, ಕೊಬ್ಬರಿ ಎಣ್ಣೆಯ ಚಿಕ್ಕ ಬಾಟಲು, ಸ್ಟೀಲ್ ಡಬ್ಬಿಯಲ್ಲಿ ಕಜ್ಜಾಯ. ವಾಪಸು ಹೋಗುವಾಗ ಬಸ್ಸಿನಲ್ಲಿ ಹಸಿವಾಗುತ್ತದೆ ಅವಳಿಗೆ, ಎಂದರು. ರಾತ್ರಿ ಬಸ್ಸಿಗೆ ಮೂರು ಸೀಟು ಕಾದಿರಿಸಿದ್ದರು, ಮಗಳದೂ ಸೇರಿ. ಹನ್ನೊಂದೂವರೆಗೆ ಮಹಿಳಾ ಪೇದೆಯೊಬ್ಬಳು ಹುಡುಗಿಯನ್ನು ಕರೆತಂದಳು. ನ್ಯಾಯಮೂರ್ತಿಗಳು ಅವಳನ್ನು ಒಳಗೆ ಕರೆಸಿ ಮಾತಾಡಿದರು, ಜೊತೆಗೆ ಯಾರನ್ನೂ ಬಿಡಲಿಲ್ಲ. ಅಂಥಲ್ಲಿ ಕೇಳುವುದು ಮೂರು ಮಾತು: ವಯಸ್ಸೆಷ್ಟು, ಯಾರಾದರೂ ಹೆದರಿಸಿ ಇಟ್ಟುಕೊಂಡಿದ್ದಾರಾ, ಎಲ್ಲಿಗೆ ಹೋಗಲು ಇಷ್ಟ. ಬಾಗಿಲು ತೆರೆದಾಗ ಗಡಿಯಾರದಲ್ಲಿ ಏಳು ನಿಮಿಷ ಕಳೆದಿತ್ತು. ಅರ್ಜಿ ಮುಗಿಯಿತು. ತಾಯಿ ಎದ್ದು ಬುಟ್ಟಿಗೆ ಕೈಹಾಕುವಷ್ಟರಲ್ಲಿ ಹುಡುಗಿಯ ಚಿಕ್ಕಪ್ಪ ನಡುವೆ ನುಗ್ಗಿ ಕೂಗಾಡಿದ, ಗಲಾಟೆಯಾದೀತೆಂದು ಪೊಲೀಸರು ಅವಳನ್ನು ಹಿಂದಿನ ಬಾಗಿಲಿನಿಂದ ಕರೆದೊಯ್ದರು. ಆ ಕಜ್ಜಾಯವನ್ನು ಕೊನೆಗೆ ನಾನೂ ವಕೀಲರ ಗುಮಾಸ್ತನೂ ತಿಂದೆವು. ತಾಯಿಯೇ ಬಲವಂತ ಮಾಡಿ ಕೊಟ್ಟರು.

ಆ ಏಳು ನಿಮಿಷಕ್ಕೆ ನೀವು ಪಡಬೇಕಾದ ಪಾಡು ಬೇರೆ ಇದೆ. ಈರೋಡು ಜಿಲ್ಲೆ ಮದುರೈ ಪೀಠಕ್ಕೆ ಸೇರುವುದಿಲ್ಲ, ಚೆನ್ನೈಗೇ ಹೋಗಬೇಕು. ಹಾಸನೂರು ದಾಟಿ, ದಿಂಬಂ ಘಾಟಿಯ ಇಪ್ಪತ್ತೇಳು ತಿರುವು ಇಳಿದು, ಸತ್ಯಮಂಗಲ, ಈರೋಡು, ಅಲ್ಲಿಂದ ರೈಲು. ರಾತ್ರಿ ಘಾಟಿಯಲ್ಲಿ ನಿರ್ಬಂಧ ಇರುವುದರಿಂದ ಬೆಳಕಿರುವಾಗಲೇ ಹೊರಡಬೇಕು. ಒಂದು ವಾಯಿದೆಗೆ ಮುಗಿಯುತ್ತದೆಂದು ಯಾರೂ ಮಾತು ಕೊಡಲಾರರು. ಹುಡುಗಿ ಇರುವುದು ಕರ್ನಾಟಕದಲ್ಲಿ, ತಮಿಳುನಾಡಿನ ಪೊಲೀಸರು ಗಡಿ ದಾಟಿ ಹುಡುಕಿಕೊಂಡು ಹೋಗಬೇಕು. ಹುಡುಕುವುದೇನು ಬಂತು, ವಿಳಾಸ ನಿಮ್ಮ ಫೋನಿನಲ್ಲೇ ಇದೆ.

ಕೋರ್ಟು ಅವಳ ಮಾತನ್ನೇ ಕೇಳುತ್ತದೆಂದು ಇಷ್ಟು ಖಚಿತವಾಗಿ ಹೇಗೆ ಹೇಳುತ್ತೀರಿ ಎಂದು ನಿಮ್ಮ ಯಜಮಾನರು ಕೇಳಿಯಾರು. ಇಂಥ ಅಪ್ಪ-ಅಮ್ಮಂದಿರು ಈಗಾಗಲೇ ಎಷ್ಟೋ ಜನ ಹೋಗಿ ಬಂದಿದ್ದಾರೆ, ಅದಕ್ಕೇ. 2022ರ ಜೂನ್‌ನಲ್ಲಿ ಕರ್ನಾಟಕ ಹೈಕೋರ್ಟಿಗೆ ಒಬ್ಬ ತಂದೆ ಬಂದರು. ಎಂಜಿನಿಯರಿಂಗ್ ಓದುತ್ತಿದ್ದ ಮಗಳು ಹಾಸ್ಟೆಲಿನಿಂದ ಡ್ರೈವರ್ ಹುಡುಗನೊಬ್ಬನ ಜೊತೆ ಹೋಗಿ ಮದುವೆಯಾಗಿದ್ದಳು. ನ್ಯಾಯಮೂರ್ತಿಗಳಾದ ಬಿ. ವೀರಪ್ಪ ಮತ್ತು ಕೆ.ಎಸ್. ಹೇಮಲೇಖಾ ಅವಳಿಗೆ ಬುದ್ಧಿಮಾತು ಬಹಳ ಹೇಳಿದರು. ಪ್ರೀತಿ ಕುರುಡು ಎಂದರು, ಇವತ್ತು ನೀನು ಹೆತ್ತವರಿಗೆ ಮಾಡಿದ್ದನ್ನು ನಾಳೆ ನಿನ್ನ ಮಕ್ಕಳು ನಿನಗೆ ಮಾಡಿಯಾರು ಎಂಬರ್ಥದ ಮಾತೂ ಆದೇಶದಲ್ಲಿ ಬಂತು. ನನಗೇನೋ ಆ ಉಪದೇಶ ಹಿಡಿಸಲಿಲ್ಲ. ನಿಮ್ಮ ಯಜಮಾನರಿಗೆ ಅದು ಜೇನಿನ ಹಾಗೆ ಕೇಳಿಸೀತು. ಆದರೆ ಇಷ್ಟೆಲ್ಲ ಹೇಳಿ ಕಡೆಗೆ ಮಾಡಿದ್ದೇನು? ವಯಸ್ಸಿಗೆ ಬಂದ ಹುಡುಗಿ, ಗಂಡನ ಜೊತೆ ಹೋಗುತ್ತೇನೆ ಎಂದಳು, ಕಳಿಸಿಕೊಟ್ಟರು. ಉಪದೇಶ ಅಪ್ಪನ ಪರ, ತೀರ್ಪು ಮಗಳ ಪರ.

ಅದಕ್ಕೂ ಮುಂಚೆ, 2020ರ ನವೆಂಬರ್‌ನಲ್ಲಿ ಅದೇ ಹೈಕೋರ್ಟಿಗೆ ಹುಡುಗನ ಕಡೆಯಿಂದ ಅರ್ಜಿ ಬಂತು. ಬೆಂಗಳೂರಿನ ಸಾಫ್ಟ್‌ವೇರ್ ಉದ್ಯೋಗಿ ಹುಡುಗಿಯನ್ನು ಮಹಿಳೆಯರ ಆಶ್ರಯಧಾಮದಲ್ಲಿ ಇರಿಸಿದ್ದರು. ಹುಡುಗ ಬೇರೆ ಧರ್ಮದವನು, ಅವಳ ಮನೆಯವರು ಒಪ್ಪಿರಲಿಲ್ಲ. ನ್ಯಾಯಮೂರ್ತಿಗಳಾದ ಎಸ್. ಸುಜಾತಾ ಮತ್ತು ಸಚಿನ್ ಶಂಕರ್ ಮಗದುಮ್ ಅವರ ಪೀಠ ಅವಳನ್ನು ಬಿಡಿಸಿತು. ವಯಸ್ಕರು ತಮಗೆ ಬೇಕಾದವರನ್ನು ಮದುವೆಯಾಗುವುದು ಮೂಲಭೂತ ಹಕ್ಕು, ಜಾತಿ ಧರ್ಮ ಏನೇ ಇರಲಿ ಅದರಲ್ಲಿ ಮೂರನೆಯವರು ಕೈಹಾಕುವಂತಿಲ್ಲ ಎಂದಿತು. ಇದನ್ನು ಯಾಕೆ ಹೇಳಿದೆನೆಂದರೆ, ಈ ಅರ್ಜಿಗೆ ಎರಡೂ ಕಡೆ ಅಲಗಿದೆ. ನಾಳೆ ನೀವು ಉಪಾಯ ಮಾಡಿ ಮಗಳನ್ನು ಊರಿಗೆ ಕರೆಸಿ ಕೋಣೆಗೆ ಹಾಕಿ ಚಿಲಕ ಎಳೆದಿರೆನ್ನಿ, ಆ ಹುಡುಗ ಇದೇ ಮದ್ರಾಸ್ ಹೈಕೋರ್ಟಿಗೆ ಹೋಗಿ ಇದೇ ಅರ್ಜಿ ಹಾಕಬಹುದು. ಆಗ ಎದುರು ಪಕ್ಷದ ಜಾಗದಲ್ಲಿ ನಿಮ್ಮ ಯಜಮಾನರ ಹೆಸರಿರುತ್ತದೆ. ಹೆತ್ತವರೂ ಕೂಡಿಹಾಕಬಲ್ಲರು ಎಂಬುದನ್ನು ಕೋರ್ಟುಗಳು ಈಗ ಮನಗಂಡಿವೆ. 2024ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟು ಕೇರಳದ ಪ್ರಕರಣವೊಂದರಲ್ಲಿ ಎಲ್ಲ ಹೈಕೋರ್ಟುಗಳಿಗೂ ಇದರ ಬಗ್ಗೆ ಸೂಚನೆ ಕೊಟ್ಟಿದೆ: ಯಾರನ್ನು ಕರೆತಂದಿದ್ದಾರೋ ಅವರ ಹತ್ತಿರ ಒಂಟಿಯಾಗಿ ಮಾತಾಡಿ, ಅವರಿಗೆ ಅಂಜಿಕೆಯಾಗದಂತೆ ನೋಡಿಕೊಳ್ಳಿ, ಬುದ್ಧಿ ಹೇಳುವ ನೆಪದಲ್ಲಿ ಅವರ ಮನಸ್ಸು ತಿರುಗಿಸಲು ಹೋಗಬೇಡಿ. ಕರ್ನಾಟಕದ ಆ ಬುದ್ಧಿಮಾತಿಗೆ ಇನ್ನು ಮುಂದೆ ಜಾಗ ಕಡಿಮೆ.

ಇದು ಬರೀ ಪ್ರೇಮದ ಮಾತೂ ಅಲ್ಲ. ನಿಮ್ಮ ಪಕ್ಕದ ಕೊಯಮತ್ತೂರಿನದೇ ನೋಡಿ. ನಿವೃತ್ತ ಪ್ರೊಫೆಸರರೊಬ್ಬರು, ತಮ್ಮ ಇಬ್ಬರು ಹೆಣ್ಣುಮಕ್ಕಳು ಈಶ ಯೋಗ ಕೇಂದ್ರದಲ್ಲಿ ಸನ್ಯಾಸಿನಿಯರಾಗಿ ಸೇರಿಹೋಗಿದ್ದಾರೆ, ಬಿಡಿಸಿಕೊಡಿ ಎಂದು ಮದ್ರಾಸ್ ಹೈಕೋರ್ಟಿಗೆ ಹೋದರು. ವಿಷಯ ಸುಪ್ರೀಂ ಕೋರ್ಟಿಗೆ ಹೋಯಿತು. ಹೆಣ್ಣುಮಕ್ಕಳು ನಲವತ್ತರ ಆಸುಪಾಸಿನವರು, ನಾವಾಗಿಯೇ ಇದ್ದೇವೆ ಎಂದರು. 2024ರ ಅಕ್ಟೋಬರ್‌ನಲ್ಲಿ ಅರ್ಜಿ ಅಲ್ಲಿಗೆ ಮುಗಿಯಿತು. ಅಪ್ಪನ ಸಂಕಟ ಸುಳ್ಳೆಂದು ಯಾರೂ ಹೇಳಲಿಲ್ಲ. ಸಂಕಟ ಬೇರೆ, ಬಂಧನ ಬೇರೆ.

ಇನ್ನು ಇಪ್ಪತ್ತೊಂದರ ಲೆಕ್ಕ. ಹುಡುಗಿಗೂ 21 ಎಂಬ ಕಾನೂನು ಬಂದಿಲ್ಲ. 2021ರ ಡಿಸೆಂಬರ್‌ನಲ್ಲಿ ಅಂಥದೊಂದು ಮಸೂದೆ ಲೋಕಸಭೆಯಲ್ಲಿ ಮಂಡನೆಯಾಗಿತ್ತು. ಅದು ಪಾಸಾಗದೆ 2024ರಲ್ಲಿ ಆ ಲೋಕಸಭೆಯ ಅವಧಿಯೊಂದಿಗೇ ಬಿದ್ದುಹೋಯಿತು. ನಿಮ್ಮ ತಮಿಳುನಾಡಿನಲ್ಲಿ ಹುಡುಗಿಗೆ ಈಗಲೂ 18. ಹುಡುಗನಿಗೆ 21, ಅದು ನಿಜ. ತಾಳಿ ಕಟ್ಟಿದ್ದು ತಮಿಳುನಾಡಿನಲ್ಲಾದರೆ, ಅವನಿಗೆ ಒಂದಷ್ಟು ತಿಂಗಳು ಕಡಿಮೆ ಇದೆಯೆಂದು ಆ ಮದುವೆ ತಾನಾಗಿಯೇ ಮುರಿಯುವುದಿಲ್ಲ. ಬೇಡವೆಂದು ರದ್ದು ಕೇಳುವ ಹಕ್ಕು ವಯಸ್ಸು ಕಡಿಮೆ ಇದ್ದವನಿಗೆ ಮಾತ್ರ, ಅಂದರೆ ಅವನಿಗೇ. ಅವನು ಕೇಳುತ್ತಾನೆಯೇ? ತಾಳಿ ಕಟ್ಟಿದ್ದು ಕರ್ನಾಟಕದಲ್ಲಾದರೆ ಅಲ್ಲಿನ ತಿದ್ದುಪಡಿಯ ಪ್ರಕಾರ ಆ ಮದುವೆ ನಿಲ್ಲದು, ಆದರೂ ಮಗಳು ನಿಮ್ಮ ವಶಕ್ಕೆ ಬರುವುದಿಲ್ಲ. ಕೇರಳದಲ್ಲಿ ಇಂಥದೇ ಆಗಿತ್ತು. ಹುಡುಗನಿಗೆ 21 ಆಗಿಲ್ಲವೆಂದು ಅಲ್ಲಿನ ಹೈಕೋರ್ಟು ವಯಸ್ಸಿಗೆ ಬಂದ ಹುಡುಗಿಯನ್ನು ಅಪ್ಪನ ವಶಕ್ಕೆ ಕೊಟ್ಟಿತ್ತು. 2018ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು ಅದನ್ನು ತಪ್ಪೆಂದಿತು. ಮದುವೆಯ ಮಾತು ಹಾಗಿರಲಿ, ಹದಿನೆಂಟು ದಾಟಿದವಳು ಯಾರ ಜೊತೆ ಇರಬೇಕೆಂದು ಅವಳೇ ನಿರ್ಧರಿಸಬೇಕು ಎಂದಿತು. ಅದೇ ವರ್ಷದ ಮಾರ್ಚ್‌ನಲ್ಲಿ ಹಾದಿಯಾ ಪ್ರಕರಣದಲ್ಲಿ ಇನ್ನೊಂದು ಮಾತು ಇತ್ಯರ್ಥವಾಗಿತ್ತು: ಅಪ್ಪ ಹಾಕಿದ ಹೇಬಿಯಸ್ ಕಾರ್ಪಸ್ ಅರ್ಜಿಯಲ್ಲಿ ಮಗಳ ಮದುವೆಯನ್ನು ಅಳಿಸಿಹಾಕುವ ಕೆಲಸ ಹೈಕೋರ್ಟಿನದಲ್ಲ. ಆ ಹುಡುಗಿ ಹೋಮಿಯೋಪತಿ ಓದುತ್ತಿದ್ದದ್ದು ನಿಮ್ಮ ಸೇಲಂನಲ್ಲಿ. ಕಾಲೇಜಿಗೆ ಕಳಿಸಿ ಎಂದು ಸುಪ್ರೀಂ ಕೋರ್ಟಿನಲ್ಲಿ ಕೇಳಿದಳು, ಕಳಿಸಿದರು.

ಆ ತಮಿಳು ಕಾಗದಕ್ಕೆ ಸಹಿ ಹಾಕಬೇಡಿ. ಹಾಕಲೇಬೇಕೆಂದರೂ ಮೊದಲು ಚಿಕ್ಕವಳಿಂದ ಒಂದೊಂದು ಸಾಲೂ ಓದಿಸಿ, ಕನ್ನಡದಲ್ಲಿ ಹೇಳಿಸಿಕೊಳ್ಳಿ. ಅದು ಪ್ರಮಾಣಪತ್ರ. ಅದರಲ್ಲಿ ಏನಿದ್ದೀತೆಂದು ನೋಡದೆಯೇ ಊಹಿಸಬಲ್ಲೆ: ನನ್ನ ಮಗಳನ್ನು ಇಂಥವನು ಅಪಹರಿಸಿ ಅಕ್ರಮ ಬಂಧನದಲ್ಲಿ ಇಟ್ಟಿದ್ದಾನೆ, ಅವಳ ಜೀವಕ್ಕೆ ಅಪಾಯವಿದೆ. ಅವಳು ಎರಡು ಸಲ ಫೋನು ಮಾಡಿದ್ದು ನಿಮಗೆ ಗೊತ್ತು, ಫೋನು ಕಂಪನಿಗೂ ಗೊತ್ತು. ಹೈಕೋರ್ಟಿನ ಮುಂದೆ ಪ್ರಮಾಣ ಮಾಡಿ ಸುಳ್ಳು ಹೇಳಿದವರಾಗುತ್ತೀರಿ. ಗುಮಾಸ್ತರ ಹೆಸರು ಆ ಕಾಗದದಲ್ಲಿ ಎಲ್ಲೂ ಇರುವುದಿಲ್ಲ.

ಮೈದುನನ ವಿಷಯಕ್ಕೆ ಬರುತ್ತೇನೆ. ನಿಮ್ಮ ಪತ್ರದಲ್ಲಿ ನನ್ನ ನಿದ್ದೆ ಕೆಡಿಸಿದ್ದು ಅದು. 'ನಮ್ಮೋರಲ್ಲ' ಎಂದು ಬರೆಸಿದ್ದೀರಿ, ಯಾರೆಂದು ಬರೆಸಿಲ್ಲ, ನಾನೂ ಕೇಳುವುದಿಲ್ಲ. 2016ರ ಮಾರ್ಚ್ 13ರಂದು ಉಡುಮಲೈಪೇಟೆಯ ಬಸ್ ಸ್ಟ್ಯಾಂಡ್ ಹತ್ತಿರ, ಹಾಡುಹಗಲಲ್ಲಿ, ಜಾತಿ ಬಿಟ್ಟು ಮದುವೆಯಾದ ಹುಡುಗನನ್ನು ಕೊಚ್ಚಿದ್ದನ್ನು ನೀವು ಟಿವಿಯಲ್ಲಿ ನೋಡಿರುತ್ತೀರಿ. ಧರ್ಮಪುರಿಯ ಅಂಥದೇ ಜೋಡಿಯದೂ ನೆನಪಿರಬಹುದು. ಅಲ್ಲಿಯೂ ಹುಡುಗಿಯ ತಾಯಿ ಮದ್ರಾಸ್ ಹೈಕೋರ್ಟಿನಲ್ಲಿ ಇದೇ ಅರ್ಜಿ ಹಾಕಿದ್ದರು. ಅಷ್ಟರಲ್ಲಿ ಹುಡುಗಿಯ ತಂದೆ ಜೀವ ಕಳೆದುಕೊಂಡಿದ್ದರು, ದಲಿತರ ಕೇರಿಗಳಲ್ಲಿ ಇನ್ನೂರಕ್ಕೂ ಹೆಚ್ಚು ಮನೆಗಳಿಗೆ ಬೆಂಕಿ ಬಿದ್ದಿತ್ತು. 2013ರ ಜುಲೈ 3ರಂದು, ಗಂಡನ ಹತ್ತಿರ ಇನ್ನು ಹೋಗುವುದಿಲ್ಲ ಎಂದು ಹುಡುಗಿ ಹೇಳಿದಳು. ಮರುದಿನ ರೈಲು ಹಳಿಯ ಪಕ್ಕದಲ್ಲಿ ಅವನ ಶವ ಸಿಕ್ಕಿತು. ಆ ಅರ್ಜಿಯಿಂದ ಯಾರ ಮನೆಗೆ ಯಾರು ವಾಪಸು ಬಂದರು?

ಆದ್ದರಿಂದ ಮೈದುನನಿಗೆ ಹೇಳಬೇಕಾದವರು ನೀವು, ಅತ್ತಿಗೆ. ಅವನು ಕುಡಿದಿಲ್ಲದ ಬೆಳಿಗ್ಗೆ ನೋಡಿ, ಯಜಮಾನರ ಎದುರಿಗೇ, ಆ ಮನೆಯ ಕಡೆ ಕಾಲಿಟ್ಟರೆ ನಾನೇ ಸ್ಟೇಷನ್ನಿಗೆ ಹೋಗಿ ಹೇಳುತ್ತೇನೆ ಎನ್ನಿ. ಹುಡುಗ ಪರಿಶಿಷ್ಟ ಜಾತಿ ಅಥವಾ ಪಂಗಡದವನಾಗಿದ್ದರೆ 1989ರ ದೌರ್ಜನ್ಯ ತಡೆ ಕಾಯ್ದೆ ಬರುತ್ತದೆ, ಅದರಲ್ಲಿ ನಿರೀಕ್ಷಣಾ ಜಾಮೀನು ಸುಲಭಕ್ಕೆ ಸಿಗುವುದಿಲ್ಲ ಎಂದೂ ಹೇಳಿ. ಇಂಥ ಜೋಡಿಗಳಿಗಾಗಿ ಜಿಲ್ಲೆ ಜಿಲ್ಲೆಯಲ್ಲೂ ಪೊಲೀಸರ ವಿಶೇಷ ಘಟಕ ಇರಬೇಕೆಂದು ಮದ್ರಾಸ್ ಹೈಕೋರ್ಟು 2016ರಲ್ಲೇ ಹೇಳಿದೆ, 2018ರಲ್ಲಿ ಸುಪ್ರೀಂ ಕೋರ್ಟೂ ಹೇಳಿತು. ನಿಮ್ಮ ಮಗಳು ರಕ್ಷಣೆ ಕೇಳಿದರೆ ಪೊಲೀಸರು ಕೊಡಬೇಕು. ಯಾರಿಂದ ರಕ್ಷಣೆ ಎಂದು ಅವಳು ಬರೆದುಕೊಡಬೇಕಾದ ಹೆಸರು ಚಿಕ್ಕಪ್ಪನದಾಗದಿರಲಿ.

ಠಾಣೆಯಲ್ಲಿ ಕೊಟ್ಟ ದೂರನ್ನು ಏನು ಮಾಡುವುದು ಎಂಬ ಪ್ರಶ್ನೆ ಉಳಿಯುತ್ತದೆ. ಅದು ಕಾಣೆಯಾದವರ ದೂರು. ಮಗಳು ನಾನಾಗಿ ಹೋಗಿದ್ದೇನೆ ಎಂದು ಹೇಳಿಕೆ ಕೊಟ್ಟರೆ ಅಲ್ಲಿಗೆ ಮುಗಿಯುತ್ತದೆ. ಅದಕ್ಕಾಗಿ ಅವಳನ್ನು ಊರಿಗೆ ಎಳೆತರಬೇಕಿಲ್ಲ. ಬೆಳಗಾವಿ ಜಿಲ್ಲೆಯ ಮುರಗೋಡದಲ್ಲಿ ಹೀಗೇ ಆಗಿತ್ತು. ಲೆಕ್ಚರರ್ ಆಗಿದ್ದ ಹುಡುಗಿ ದೆಹಲಿಗೆ ಹೋಗಿ ಮದುವೆಯಾಗಿ, ಸರ್ಟಿಫಿಕೇಟನ್ನು ವಾಟ್ಸ್ಆ್ಯಪ್‌ನಲ್ಲಿ ಮನೆಗೆ ಕಳಿಸಿದ್ದಳು. ಆದರೂ ಠಾಣೆಗೇ ಬಂದು ಹೇಳಿಕೆ ಕೊಡು, ಇಲ್ಲದಿದ್ದರೆ ಗಂಡನ ಮೇಲೆ ಅಪಹರಣದ ಕೇಸು ಎಂದರು. 2021ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಗಳಾದ ಸಂಜಯ್ ಕಿಶನ್ ಕೌಲ್ ಮತ್ತು ಹೃಷಿಕೇಶ್ ರಾಯ್ ಆ ಕೇಸನ್ನೇ ರದ್ದು ಮಾಡಿದರು. ತನಿಖಾಧಿಕಾರಿಗಳಿಗೆ ಮೊದಲು ತರಬೇತಿ ಕೊಡಿ ಎಂದರು. ಅಂಬೇಡ್ಕರರನ್ನು ನೆನೆದರು. ಆ ಹೆತ್ತವರಿಗೂ ಒಂದು ಮಾತು ಹೇಳಿದರು: ಮದುವೆ ಒಪ್ಪಿಕೊಂಡು ಮಗಳ ಜೊತೆ, ಅಳಿಯನ ಜೊತೆ ಮತ್ತೆ ಹೋಗಿಬರುವುದೊಂದೇ ದಾರಿ. ದೇಶದ ದೊಡ್ಡ ಕೋರ್ಟಿಗೂ ಕೊನೆಗೆ ತೋಚಿದ್ದು ಊರಿನ ಹಿರಿಯಜ್ಜಿ ಹೇಳಬಹುದಾದಷ್ಟೇ.

ಹಾಗಂತ ಆ ಅರ್ಜಿಯನ್ನು ನೀವು ಮರೆಯಬೇಕಿಲ್ಲ. ಮುಂದೆಂದಾದರೂ ಅವಳ ಫೋನು ವಾರಗಟ್ಟಲೆ ಸತ್ತುಹೋದರೆ, ಮಾತಾಡುವಾಗ ಪಕ್ಕದಲ್ಲಿ ಯಾರೋ ನಿಂತಂತೆ ದನಿ ಅದುರಿದರೆ, ನೀವು ಬಾಗಿಲಿಗೆ ಹೋದರೂ ಅವಳನ್ನು ತೋರಿಸದಿದ್ದರೆ, ಆಗ ಒಂದು ದಿನವೂ ಕಾಯಬೇಡಿ. ಆಗ ಅದು ನಿಮ್ಮದೇ ಅಸ್ತ್ರ. ಅದಕ್ಕೂ ಅರವತ್ತು ಸಾವಿರ ಬೇಡ. ಹೆಂಗಸರಿಗೆ ವರಮಾನ ಎಷ್ಟೇ ಇರಲಿ ಸರ್ಕಾರದಿಂದ ಉಚಿತ ವಕೀಲರು ಸಿಗುತ್ತಾರೆ, ಅದಕ್ಕೆ 1987ರ ಕಾನೂನೇ ಇದೆ. 15100ಕ್ಕೆ ಫೋನು ಮಾಡಿ, ಇಲ್ಲವೇ ಸತ್ಯಮಂಗಲದ ಕೋರ್ಟಿನಲ್ಲಿ ಕಾನೂನು ಸೇವಾ ಸಮಿತಿ ಎಲ್ಲಿ ಎಂದು ಕೇಳಿ.

ಈಗ ಮಾಡಬೇಕಾದ್ದು ಬೀರುವಿನ ಬೀಗ ತೆಗೆಸುವುದು. ಮಾರ್ಕ್ಸ್ ಕಾರ್ಡು ಅವಳು ಓದಿ ಸಂಪಾದಿಸಿದ್ದು, ಆಧಾರ್ ಕಾರ್ಡಿನ ಮೇಲೆ ಅವಳ ಫೋಟೋ ಇದೆ. ಅವನ್ನು ಇಟ್ಟುಕೊಳ್ಳುವ ಹಕ್ಕು ಅಪ್ಪನಿಗಿಲ್ಲ, ಇಟ್ಟುಕೊಂಡರೆ ಬರುವ ಲಾಭವೂ ಇಲ್ಲ. ಯೋಚನೆ ಮಾಡಿ: ಓಡಿಹೋದವಳು ಮಾರ್ಕ್ಸ್ ಕಾರ್ಡು ಯಾಕೆ ಕೇಳುತ್ತಾಳೆ? ಬಿ.ಕಾಂ. ಮುಗಿಸಬೇಕೆಂದಿದ್ದಾಳೆ, ಇಲ್ಲವೇ ಕೆಲಸ ಹುಡುಕುತ್ತಿದ್ದಾಳೆ. ಗಂಡನ ಒಂದು ಸಂಬಳದ ಮೇಲೆ ಕೂರಲು ಮನಸ್ಸಿಲ್ಲ ಅವಳಿಗೆ. ನೀವು ಸಾಕಿದ ಮಗಳೇ ಅವಳು, ಎಲ್ಲೂ ಬದಲಾಗಿಲ್ಲ. ಕಾರ್ಡುಗಳನ್ನು ಅಂಚೆಯಲ್ಲಿ ಕಳಿಸಬೇಡಿ, ನೀವೇ ಹೋಗಿ. ಯಜಮಾನರು ಈ ಸಲ ಬರದಿದ್ದರೆ ಬೇಡ. ಅಟ್ಟಣೆಯ ಮೇಲೆ ಒಬ್ಬರೇ ಕೂತು ಅವರು ಆನೆ ಕಾಯುತ್ತಿಲ್ಲ ಎಂದು ನಿಮಗೂ ಗೊತ್ತು. ಊಟದ ಬುತ್ತಿ ಅಲ್ಲಿಗೇ ಒಯ್ದುಕೊಟ್ಟು, ಇಂಥ ದಿನ ನಂಜನಗೂಡಿಗೆ ಹೋಗುತ್ತೇನೆ ಎಂದಷ್ಟು ಹೇಳಿ. ಒಪ್ಪಿಗೆ ಕೇಳಬೇಡಿ, ತಿಳಿಸಿ. ಅಲ್ಲಿ ಹೋದ ಮೇಲೆ ಹುಡುಗನ ಜಾತಿ, ಸಂಬಳ, ಬಾಡಿಗೆ ವಿಚಾರಣೆ ಬೇಡ. ಮಗಳಿಗೆ ಒಂದೇ ಕೇಳಿ, ನ್ಯಾಯಮೂರ್ತಿಗಳು ಕೇಳುವುದನ್ನೇ: ಇಲ್ಲಿರಲು ಇಷ್ಟವೇನವ್ವ? ಹೂಂ ಎಂದರೆ ಕಾರ್ಡುಗಳನ್ನು ಕೊಟ್ಟು, ಅವಳು ಮಾಡಿದ ಕಾಫಿ ಕುಡಿದು ಬನ್ನಿ. ಇಲ್ಲವೆಂದರೆ ಜೊತೆಯಲ್ಲಿ ಕರೆತನ್ನಿ, ಯಾವ ಕೋರ್ಟೂ ಬೇಡ.

ಕೊನೆಯದು ನಿಮ್ಮ ಕಾಗದದ ಕೊನೆಯ ಸಾಲು. ಪತ್ರವನ್ನು ಎರಡು ಸಲ ಓದಿದೆ ತಂಗೀ, ಮನೆಯಿಂದ ಹೊರಗೆ ಕಾಲಿಡಲು ಬಿಡದೆ ಇರಿಸಿಕೊಂಡಿರುವ ಹೆಣ್ಣುಮಗಳು ಅದರಲ್ಲಿ ಒಬ್ಬಳೇ ಇದ್ದಾಳೆ. ಅವಳು ನಂಜನಗೂಡಿನಲ್ಲಿಲ್ಲ. 'ಚಿಕ್ಕವಳನ್ನೂ ಸ್ಕೂಲಿಗೆ ಕಳಿಸಿಲ್ಲ' ಎಂಬ ಸಾಲನ್ನು ನೀವು ಹೇಳಿದಾಗ ಅವಳು ತಲೆ ಎತ್ತದೆ ಬರೆದುಕೊಂಡಿದ್ದಾಳೆ. ಉಳಿದ ಸಾಲುಗಳಿಗಿಂತ ಅಲ್ಲಿ ಅಕ್ಷರ ಕೊಂಚ ದಪ್ಪವಾಗಿದೆ, ಪೆನ್ನು ಒತ್ತಿ ಬರೆದಿದ್ದಾಳೆ. ಈ ಉತ್ತರವನ್ನು ನಿಮಗೆ ಓದಿ ಹೇಳುತ್ತಿರುವವಳೂ ಅವಳೇ ಇರಬೇಕು. ಅಕ್ಕ ಮಾಡಿದ್ದಕ್ಕೆ ಇವಳಿಗೆ ಶಿಕ್ಷೆ ಯಾವ ಕಾನೂನಿನಲ್ಲೂ ಇಲ್ಲ, ನಿಮ್ಮ ಮನೆಯಲ್ಲಿ ಮಾತ್ರ ಇದೆ. ಪ್ಲಸ್ ಟು ಪರೀಕ್ಷೆ ಮಾರ್ಚ್‌ನಲ್ಲಿ ಶುರುವಾಗುತ್ತದೆ, ಹಾಜರಾತಿ ತಪ್ಪಿದರೆ ಕೂರಿಸುವುದಿಲ್ಲ.

ಸೋಮವಾರ ಬೆಳಿಗ್ಗೆ ಅವಳನ್ನು ಸ್ಕೂಲಿಗೆ ಕಳಿಸಿ. ನಂಜನಗೂಡಿಗೆ ಮಂಗಳವಾರ ಹೋದರೂ ನಡೆಯುತ್ತದೆ.